ಒಳಗಿನ ಕಲ್ಲು

"ಗುರುಗಳೇ, ನಮ್ಮ ಅಪ್ಪ ಅಮ್ಮ ಜಗಳವಾಡಿದ್ದನ್ನು ನಾನು ಒಂದು ದಿನವೂ ಕಂಡಿಲ್ಲ. ಆದರೂ ಆ ಮನೆಯೊಳಗೆ ಕಾಲಿಟ್ಟರೆ ನನಗೆ ಉಸಿರು ಕಟ್ಟುತ್ತದೆ. ಯಾಕೆ?" ಎಂದು ಶಿಷ್ಯೆ ಕೇಳಿದಳು.

ಗುರುಗಳು ಹೇಳಿದರು:

ಒಬ್ಬ ಕುಂಬಾರನಿದ್ದ. ದೊಡ್ಡ ಗಡಿಗೆ ತಟ್ಟುವಾಗ ಅವನಿಗೆ ಹೆಂಡತಿ ಬೇಕು. ಅವಳು ಗಡಿಗೆಯೊಳಗೆ ಕೈಯಿಟ್ಟು ದುಂಡುಕಲ್ಲನ್ನು ಒತ್ತಿ ಹಿಡಿಯುವಳು. ಅವನು ಹೊರಗಿನಿಂದ ಹಲಗೆಯಲ್ಲಿ ತಟ್ಟುವನು. ಮಣ್ಣು ಎಲ್ಲಿ ತೆಳುವಾಯಿತೆಂಬುದು ಮೊದಲು ತಿಳಿಯುವುದು ಒಳಗಿನ ಕೈಗೆ. "ಇಲ್ಲಿ ಸಾಕು ಬಿಡಿ" ಎನ್ನುವಳು. ಅವನು ಕೈ ತಡೆಯುವನು. ಅವರ ಗಡಿಗೆ ಒಡೆದದ್ದಿಲ್ಲ.

ಒಂದು ದಿನ ಕೊಳ್ಳಲು ಬಂದವರು ನಕ್ಕರು. "ಏನ್ ಮಾರಾಯಾ, ಗಡಿಗೆ ಮಾಡೋನು ನೀನೋ, ನಿನ್ನ ಹೆಂಡ್ತಿಯೋ?" ಕುಂಬಾರನಿಗೆ ಮುಖಭಂಗವಾಯಿತು. "ನೀನು ಕಲ್ಲು ಹಿಡಿ, ಸಾಕು. ಕಸುಬು ನನಗೆ ಗೊತ್ತು" ಎಂದು ಎಲ್ಲರೆದುರಿಗೆ ಅವಳಿಗೆ ಹೇಳಿದ.

ಅಂದಿನಿಂದ ಅವಳು ಕಲ್ಲು ಹಿಡಿದಳು, ಅಷ್ಟೆ.

ಸುಡಲು ಆವಿಗೆಗೆ ಹಾಕಿದ ಗಡಿಗೆಗಳು ಬಿರಿಯತೊಡಗಿದವು. "ಮಣ್ಣು ಸರಿಯಿಲ್ಲ" ಎಂದ ಅವನು. "ಹೌದು, ಮಣ್ಣು ಸರಿಯಿಲ್ಲ" ಎಂದಳು ಅವಳು. ಒಂದು ಕೆರೆಯ ಮಣ್ಣು ಬಿಟ್ಟು ಇನ್ನೊಂದು ಕೆರೆಯದನ್ನು ತಂದರು. ಅವಳು ಬಿಸಿ ರೊಟ್ಟಿ ಬಡಿಸಿದಳು. ಅವನು ತಲೆ ತಗ್ಗಿಸಿ ಉಂಡ. ಗಂಡ ಹೆಂಡತಿ ಎಂದರೆ ಹೀಗಿರಬೇಕು ಎಂದು ಕೇರಿಯವರು ತಮ್ಮ ಸೊಸೆಯರಿಗೆ ಹೇಳಿದರು.

ಮಗಳ ಮದುವೆ ಬಂತು. ನೀರು ತುಂಬಿ ಚಪ್ಪರಕ್ಕೆ ತರುವ ಐರಾಣಿ ಗಡಿಗೆಯನ್ನು ಊರಿಗೆಲ್ಲ ಮಾಡಿಕೊಟ್ಟವರು ಈಗ ತಮ್ಮ ಮನೆಯದಕ್ಕೆ ಕೂತರು. ತಳ ತಟ್ಟುವಾಗ ಹಲಗೆಯ ಏಟು ಅವಳ ಅಂಗೈಗೇ ಬಿದ್ದಂತಾಯಿತು. ಮಣ್ಣು ಎಲೆಯಷ್ಟು ತೆಳುವಾಗಿತ್ತು. ಸದ್ದು ಬೇರೆಯಾದದ್ದು ಅವನಿಗೂ ಕೇಳಿತು. ಎತ್ತಿದ ಹಲಗೆ ಎತ್ತಿದಂತೆಯೇ ಇತ್ತು. ಅವಳು ಹೇಳಲಿ ಎಂದು ಅವನು ಕಾದ. ಅವನು ಕೇಳಲಿ ಎಂದು ಅವಳು ಕಾದಳು.

ಆಮೇಲೆ ಅವನು ಇನ್ನೊಂದು ಏಟು ಹಾಕಿದ.

ಮದುವೆಯ ದಿನ ಮಗಳು ತುಂಬಿದ ಗಡಿಗೆಯನ್ನು ಸೊಂಟಕ್ಕಿಟ್ಟುಕೊಂಡು ಚಪ್ಪರದೊಳಗೆ ಕಾಲಿಟ್ಟಳು. ತಳ ಕಳಚಿತು. ನೀರೆಲ್ಲ ಅವಳ ಧಾರೆಸೀರೆಯ ಮೇಲೆ ಸುರಿಯಿತು. ಬೀಗರು ಅಪಶಕುನವೆಂದು ಎದ್ದರು. ಗಾಡಿ ಹೂಡಿ ಹೊರಟೇಹೋದರು.

ಗುರುಗಳು ಅಲ್ಲಿಗೆ ನಿಲ್ಲಿಸಿದರು.

"ಮಗಳು ಹಾಗೆ ನಿಂತಿರುವಾಗಲಾದರೂ ಅವರಿಬ್ಬರು ಬಾಯಿ ಬಿಟ್ಟರೇ?" ಎಂದು ಶಿಷ್ಯೆ ಕೇಳಿದಳು.

"ಬಿಟ್ಟರು. 'ಮಣ್ಣು ಸರಿಯಿರಲಿಲ್ಲ ಮಗಳೇ' ಎಂದು ಇಬ್ಬರೂ ಒಟ್ಟಿಗೇ ಹೇಳಿದರು."