ಮುಷ್ಟಿ ಬಿಡಿಸಿದ ಹೊಳೆಯಮ್ಮ

ದೇವತೆಗಳು ಹೊಳೆದಂಡೆಯಲ್ಲಿ ಮನುಷ್ಯರಷ್ಟೇ ಸಲೀಸಾಗಿ ಓಡಾಡಿಕೊಂಡಿದ್ದ ಪುರಾತನ ಕಾಲದಲ್ಲಿ, ಗ್ರೀಷ್ಮ ಋತು ಬಂದು ಹೊಳೆ ಬತ್ತಿದೊಡನೆ ಅಂಬಿಗರು ದೋಣಿಗಳನ್ನು ದಡಕ್ಕೆಳೆದು, ಮರಳಿನೊಡಲಲ್ಲೇ ಕಲ್ಲಂಗಡಿ ಬಳ್ಳಿ ಹಬ್ಬಿಸುತ್ತಿದ್ದರು. ಆ ಕುಲದ ದ್ಯಾವಪ್ಪನ ಏಕಮಾತ್ರ ಪುತ್ರಿ ಹುಲಿಗೆವ್ವ. ಬಳ್ಳಿ ಕಾಯುತ್ತಿದ್ದ ಅವಳನ್ನು, ಕುರಿಗಳಿಗೆ ನೀರು ಕುಡಿಸಲು ಬಂದ ಮಾಳಪ್ಪನೆಂಬ ಅಲೆಮಾರಿ ಕುರಿಗಾಹಿ, "ಹಣ್ಣು ಕೆಂಪೈತೋ, ಬರೇ ತೊಗಟೀನೋ?" ಎಂದು ಕೆಣಕಿದ.

"ಧೈರ್ಯ ಇದ್ರ ಕುಂದ್ರು, ಇಲ್ಲಂದ್ರ ಕುರಿ ಹೊಡ್ಕೊಂಡು ನಡಿ."

ಕುಳಿತ. ಎರಡು ತಿಂಗಳು ಕುಳಿತ.

ಮೊದಲ ಗುಡುಗು ಕೇಳಿತು. ಎರೆಭೂಮಿ ಹಸಿಯಾದರೆ ಕುರಿಯ ಗೊರಸು ಕೊಳೆಯುವುದರಿಂದ ಕುರಿಗಾಹಿ ಗುಡ್ಡದ ಸೀಮೆಗೆ ಹೊರಡಲೇಬೇಕು. ಹೊಳೆಯ ಮರಳನ್ನು ಮುಷ್ಟಿಯಲ್ಲಿ ಹಿಡಿದು ಕೊಟ್ಟ ಮಾತನ್ನು, ಅದನ್ನು ಪಡೆದವನೇ ಬಂದು ಬೆರಳು ಬಿಡಿಸುವವರೆಗೆ ಮುರಿಯಬಾರದೆಂಬುದು ಅಂಬಿಗರ ಕಟ್ಟಳೆ. ಪ್ರೇಮಾಂಧಳಾದ ಹುಲಿಗೆವ್ವ ಮರಳು ಹಿಡಿದು, "ನೀ ತಿರುಗಿ ಬರೋತನಕ ನಾ ದಡ ಹತ್ತೂದಿಲ್ಲ" ಎಂದುಬಿಟ್ಟಳು. ಮಳೆಗಾಲದ ಬಾಯಲ್ಲಿ ಆಡುವ ಮಾತೇ ಅದು!

ಕುರಿಗಳನ್ನು ಗುಡ್ಡಕ್ಕೆ ಮುಟ್ಟಿಸಿ ನಾಲ್ಕು ದಿನದಲ್ಲಿ ಬರುವೆನೆಂದವನು ಹನ್ನೆರಡು ದಿನವಾದರೂ ಬರಲಿಲ್ಲ. ಹೊಳೆ ಬಂತು.

"ಅವ್ವಾ, ಮ್ಯಾಲ ಬಾ! ಅವನ ಕುರಿಗಿರೋ ಬುದ್ಧೀನೂ ನಿನಗಿಲ್ಲೇನು?" ದ್ಯಾವಪ್ಪ ದಡದಿಂದ ಕೂಗಿದ.

"ಮಾತು ಕೊಟ್ಟೀನಪ್ಪ!"

ನಿಜ ಹೇಳಬೇಕೆಂದರೆ ಅವಳಿಗೂ ದಡ ಹತ್ತುವ ಆಸೆಯಿತ್ತು. ಬೆರಳು ಜೋಮು ಹಿಡಿದಿದ್ದವು, ಮಾಳಪ್ಪನ ಮುಖವೇ ಸರಿಯಾಗಿ ನೆನಪಾಗುತ್ತಿರಲಿಲ್ಲ, ಕಟ್ಟಿಹಾಕಿದ್ದು ಮಾತೊಂದೇ. ಕೆಂಪುನೀರು ಎದೆಮಟ್ಟಕ್ಕೇರಿದಾಗ ಪ್ರವಾಹಮಧ್ಯದಿಂದ ಹೊಳೆಯಮ್ಮನ ದಿವ್ಯವಾಣಿ ಕೇಳಿಸಿತು:

"ಮಗಳೇ, ಹಿಡಿದಿರುವ ಮರಳು ನಿನ್ನದಲ್ಲ, ಅವನದೂ ಅಲ್ಲ, ನನ್ನದು. ಬಿಡಿಸುವವಳೂ ನಾನೇ. ಪ್ರೀತಿಸಿದ್ದು ಸುಳ್ಳಾಗಲಿಲ್ಲ, ಬೇಸಿಗೆ ಮುಗಿಯಿತು, ಅಷ್ಟೆ. ಬಿಡು."

ಬಿಟ್ಟಳು. ಮರಳು ಬಿದ್ದಲ್ಲಿ ಬಂಡೆಯೊಂದು ಮೇಲೆದ್ದು ಅವಳನ್ನು ನೀರಿನಿಂದೆತ್ತಿತು. ದ್ಯಾವಪ್ಪ ದೋಣಿ ಹಾಕಿ ಕರೆತಂದ. ಮರುಬೇಸಿಗೆ ಅಂಜುತ್ತಂಜುತ್ತ ಬಂದ ಮಾಳಪ್ಪ, ಬೇರೊಬ್ಬನ ಮಡದಿಯಾಗಿ ನಗುತ್ತಿದ್ದ ಅವಳನ್ನು ಕಂಡು, "ಬದುಕೀಯಲ್ಲ ತಾಯಿ, ಸಾಕು" ಎಂದು ಕುರಿಗಳ ನಡುವೆಯೇ ಕುಸಿದು ಕುಳಿತನಂತೆ.

ಬಿಚ್ಚಿದ ಅಂಗೈಯಂತಿರುವ ಆ ಬಂಡೆ ಇಂದಿಗೂ ನಡುಹೊಳೆಯಲ್ಲಿದೆ. ಮೃಗಶಿರಾ ಮಳೆ ಕೂಡುವ ಮುನ್ನಾದಿನ, ಉಳಿಸಿಕೊಳ್ಳಲಾಗದ ಮಾತು ಹೊತ್ತವರು ಬಂದು ಅದರ ಮೇಲೆ ಹಿಡಿ ಮರಳು ಬಿಡುತ್ತಾರೆ. ಯಾರಿಗೆ ಕೊಟ್ಟ ಮಾತೆಂದು ಪೂಜಾರಿ ಕೇಳುವಂತಿಲ್ಲ. ಬಳಿಕ ದಡದಲ್ಲಿ ಬಿಸಿರೊಟ್ಟಿ, ಪುಂಡಿಪಲ್ಯದ ಪ್ರಸಾದ. ಅತ್ತು ಹಗುರಾದವರಿಗೆ ಹಸಿವು ಜಾಸ್ತಿಯೆಂದು ಎರಡೆರಡು ರೊಟ್ಟಿ ಬಡಿಸುವುದು ಇಲ್ಲಿಯ ಸಂಪ್ರದಾಯ.