ಚೌಕಟ್ಟಿನೊಳಗಿನ ಅರಮನೆ

ಇಡೀ ಪಾಳು ಅರಮನೆಗೆ ಹಲ್ಲಿ ಕೇಳಿದ ಬಾಡಿಗೆ ದಿನಕ್ಕೊಂದು ಹುಳ. ಅರಮನೆ ಇದ್ದದ್ದು ಗೋಡೆಗೆ ತೂಗುಹಾಕಿದ್ದ ಗಾಜಿನ ಚೌಕಟ್ಟಿನ ಅಚ್ಚುಚಿತ್ರದಲ್ಲಿ: ಮುರಿದ ಕಮಾನುಗಳು, ಎಲ್ಲಿಗೂ ತಲುಪದ ಮೆಟ್ಟಿಲುಗಳು. ಗುಬ್ಬಿಗೆ ಮೊಟ್ಟೆಯಿಡುವ ಹೊತ್ತು ಹತ್ತಿರವಾಗಿತ್ತು, ಜಾಗ ಬೇಕೇ ಬೇಕಿತ್ತು. ಆದರೂ ಬಾಡಿಗೆ ಇಷ್ಟು ಅಗ್ಗವೆಂದಾಗ ಅದು ತೊಲೆ ಬಿಟ್ಟು ಇಳಿಯಲಿಲ್ಲ.

“ಹಲ್ಲಣ್ಣ, ಇದು ಪಾಳುಬಿದ್ದು ಎಷ್ಟು ಕಾಲವಾಯಿತು?”

“ಸಾವಿರ ವರ್ಷ, ಗುಬ್ಬಕ್ಕ.”

“ಅಷ್ಟು ವರ್ಷದಲ್ಲಿ ಒಂದು ಪಾರಿವಾಳವೂ ಹಿಕ್ಕೆ ಹಾಕಿಲ್ಲವಲ್ಲ! ಅದಿರಲಿ, ನಿಮ್ಮ ವಾಸ ಎಲ್ಲಿ?”

“ಇದರ ಹಿಂದಿನ ಸಂದಿನಲ್ಲಿ. ಬರೀ ಧೂಳು, ಕತ್ತಲೆ. ಒಂಟಿ ಜೀವಕ್ಕೆ ಅರಮನೆ ಯಾಕೆ ಹೇಳಿ?”

ಗುಬ್ಬಿ ಕತ್ತು ಹೊರಳಿಸಿ ನೋಡಿತು. ಚೌಕಟ್ಟಿನ ಮೇಲ್ತುದಿ ಗೋಡೆಯಿಂದ ಮುಂದಕ್ಕೆ ಬಾಗಿತ್ತು. ಹಿಂದೆ ಗೂಡಿಗೆ ಸಾಕಾಗುವಷ್ಟು ಜಾಗವಿತ್ತು.

“ಅರಮನೆಗೆ ನೀವೇ ಹೋಗಿ, ಅಣ್ಣ. ಆ ಧೂಳಿಗೇ ನಾನು ದಿನಕ್ಕೊಂದು ಹುಳ ಕೊಡುತ್ತೇನೆ.”

“ಛೆ, ಅದು ನಿಮಗೆ ತಕ್ಕ ಜಾಗವಲ್ಲ!”

“ಧೂಳಿಗೆ ಅರಮನೆಯ ಬೆಲೆ ಬಂದರೂ ಬೇಡವೇ? ಹಾಗಾದರೆ ಅರಮನೆಯಲ್ಲೇ ಏನೋ ಐಬಿರಬೇಕು.”

ಐಬನ್ನು ಹಲ್ಲಿ ಒಪ್ಪಿಕೊಳ್ಳುವಂತಿರಲಿಲ್ಲ. ಹುಳದಾಸೆಯೂ ಬಿಡಲಿಲ್ಲ. ಸಂದು ಖಾಲಿಮಾಡಿತು.

ಕೊನೆಗೆ ಗುಬ್ಬಿಗೆ ದಕ್ಕಿದ್ದು ಬೆಚ್ಚನೆಯ ಗೂಡು, ಅದರ ತುಂಬ ಮರಿಗಳು. ಹಲ್ಲಿಗೆ ದಕ್ಕಿದ್ದು ದಿನಕ್ಕೊಂದು ಹುಳ, ಮತ್ತು ಗಾಜಿನಾಚೆ ಇಡೀ ಒಂದು ಅರಮನೆ.