ಬೆಂಕಿಕಡ್ಡಿಯಷ್ಟು ಸಂದು

ನಂಬದಿದ್ದರೆ ಬಿಡಿ, ಹಲಗೆಗೆ ಗಿಲಾವು ಹಿಡಿಸುವುದರಲ್ಲಿ ಭರಮನಂಥವನು ಹೊಳೆಯ ಎರಡೂ ದಂಡೆಯಲ್ಲಿ ಇರಲಿಲ್ಲ. ಹಾಗಂತ ಹೇಳಿದವನು ಭರಮನೇ. ಸುಳ್ಳು ಅನ್ನುವವರು, ಎಲ್ಲರೂ ಅಜ್ಜ ಅಂತ ಕರೆಯುವ ಗುರುಗಳ ಆಶ್ರಮಕ್ಕೆ ಹೋಗಿ ಗೋಡೆಯ ಮೇಲೆ ಕೈಯಾಡಿಸಿ ನೋಡಬಹುದು.

ಶಿಷ್ಯನಾಗಬೇಕೆಂದು ಅವನು ಬಂದು ಹನ್ನೊಂದು ತಿಂಗಳಾಗಿತ್ತು. ಮಲಗುವುದು ಇನ್ನೂ ಹೊರಗಿನ ಕಟ್ಟೆಯ ಮೇಲೆ, ಬಂದುಹೋಗುವ ಭಕ್ತರ ಜೊತೆ.

"ಅಜ್ಜಾರ, ನನ್ನನ್ನ ಶಿಷ್ಯ ಅಂತ ಯಾವಾಗ ಇಟ್ಕೋತೀರಿ?" ದಿನಾ ಕೇಳುತ್ತಿದ್ದ.

ಒಂದು ದಿನ ಅಜ್ಜ ತಮ್ಮ ಉದ್ದನೆಯ ಕೋಣೆ ತೋರಿಸಿದರು. "ನಡುವ ಒಂದು ಗ್ವಾಡಿ ಬೇಕಪಾ. ಪ್ಲೈವುಡ್ ಹಲಗಿ ಬಂದಾವ. ಹೊಡದು ಗಿಲಾವ್ ಮಾಡು. ಬಿರುಕು ಬಿಡದಂಗ ನಿಂತ ಮ್ಯಾಲ ಕೇಳು."

"ಇಷ್ಟೇ ಏನ್ರಿ? ಸಂಜಿಕ ಬಂದು ನೋಡ್ರಿ!"

ಬಂಡಿಯಿಂದ ಇಳಿದ ಹಲಗೆಗಳನ್ನು ಇಳಿದ ಹಾಗೆಯೇ ಚೌಕಟ್ಟಿಗೆ ಮೊಳೆ ಹೊಡೆದು ಕೂರಿಸಿದ. ಒಂದಕ್ಕೊಂದು ಎಷ್ಟು ಬಿಗಿ ಎಂದರೆ ನಡುವೆ ಕೂದಲೂ ಹೋಗದು. ಮೇಲೆ ದಪ್ಪಗೆ ಗಿಲಾವು ಬಳಿದು ನುಣ್ಣಗೆ ತೀಡಿದ.

"ಇರಿವಿ ಸುದ್ದಾ ಜಾರಿ ಬೀಳತೈತಿ, ನೋಡ್ರಿ."

ಅಜ್ಜ ನಕ್ಕರು.

ಮೂರು ದಿನ ಹೊಳೆಯ ಕಡೆಯಿಂದ ತೇವದ ಗಾಳಿ ಬೀಸಿತು. ನಾಲ್ಕನೆಯ ದಿನ ಹಲಗೆಗಳು ಕೂಡುವಲ್ಲೆಲ್ಲ ಮೇಲಿಂದ ಕೆಳಗೆ ನೆಟ್ಟಗೆ ಬಿರುಕು.

ಭರಮ ಬಿರುಕು ತುಂಬಿದ. ಅವು ಮತ್ತೆ ಬಿರಿದವು.

"ಗಿಲಾವ್ ಪುಡೀನ ಹಲ್ಕಟ್ ಐತ್ರಿ!"

"ಹೌದೇನಪಾ. ಬಾ, ಉಣ್ಣೂಣು."

ಭರಮನ ಒಂದು ಬದಿಗೆ ಕಂಬ. ಇನ್ನೊಂದು ಬದಿಗೆ ಅಜ್ಜ, ಭುಜಕ್ಕೆ ಭುಜ ಒತ್ತಿ ಕೂತರು. ರೊಟ್ಟಿ ಮುರಿಯಲು ಮೊಣಕೈ ಎತ್ತಿದ, ಆಗಲಿಲ್ಲ. ಜೋರಾಗಿ ಎತ್ತಿದ. ಅಜ್ಜನ ಮಜ್ಜಿಗೆ ಅಜ್ಜನ ಧೋತರದ ಮೇಲೇ ಚೆಲ್ಲಿತು.

"ಸ್ವಲ್ಪ ಸರೀರಿ ಅಜ್ಜಾರ!"

"ಯಾಕೋ? ನಡುವ ಕೂದಲಾ ಹೋಗದಂಗ ಕುಂತೀನಿ. ನಿನಗ ಅದ ಚಂದ ಅಲ್ಲೇನು?"

"ಕೈ ಆಡಾಕ ಜಾಗಾ ಬೇಕಲ್ರಿ!"

ಅನ್ನುತ್ತಲೇ ಅವನ ಕಣ್ಣು ಗೋಡೆಯ ಕಡೆ ಹೋಯಿತು.

"ಹಲಗಿ... ಉಬ್ಬತಾವೇನ್ರಿ?"

"ಮರ ಅಲ್ಲೇನೋ ಅದು. ತ್ಯಾವ ಕುಡದು ಉಬ್ಬತೈತಿ, ಬಿಸಲಿಗೆ ಕುಗ್ಗತೈತಿ. ಮದಲ ರೊಟ್ಟಿ ತಿನ್ನು."

ಮರುದಿನ ಎಲ್ಲ ಕಿತ್ತ.

"ಏನ್ ಭರಮಣ್ಣ, ಸಂಜಿ ಆತೇನು?" ಕಟ್ಟೆಯ ಮೇಲಿಂದ ಭಕ್ತನೊಬ್ಬ ಕೂಗಿದ. ಭರಮ ಮುಂದಿನ ಮೊಳೆ ಕಿತ್ತ.

ಹಲಗೆ ಕೆರೆದು, ನಡುನಡುವೆ ಕಡ್ಡಿ ಕೊಟ್ಟು, ಎಂಟು ದಿನ ಅದೇ ಕೋಣೆಯಲ್ಲಿ ಪೇರಿಸಿಟ್ಟ, ಅಲ್ಲಿನ ಗಾಳಿ ಅವಕ್ಕೆ ರೂಢಿಯಾಗಲೆಂದು. ಎರಡೂ ಮೈಗೆ, ಅಂಚಿಗೂ, ತೇವ ತಡೆಯುವ ಪ್ರೈಮರ್ ಹಚ್ಚಿ ಒಣಗಿಸಿದ. ಹೊಡೆಯುವಾಗ ಹಲಗೆಗಳ ನಡುವೆ ಬೆಂಕಿಕಡ್ಡಿಯಷ್ಟು ಸಂದು ಬಿಟ್ಟ. ಸಂದು ತುಂಬಲು ಮೆತ್ತನೆಯ ಪುಟ್ಟಿ, ಅದರ ಮೇಲೆ ಜಾಳುಬಟ್ಟೆಯ ಪಟ್ಟಿ, ಆಮೇಲೆ ತೆಳ್ಳಗೆ ಗಿಲಾವು. ಒಣಗುವವರೆಗೆ ಸುಮ್ಮನೆ ಕೂತ. ಮತ್ತೊಮ್ಮೆ ತೆಳ್ಳಗೆ.

ತೇವದ ಗಾಳಿ ಬಂತು, ಬಿಸಿಲು ಬಂತು. ತಿಂಗಳಾದರೂ ಗೋಡೆ ಬಿರಿಯಲಿಲ್ಲ. ಆ ತಿಂಗಳಲ್ಲಿ ಭರಮ ಒಬ್ಬರನ್ನೂ ಕರೆದು ತೋರಿಸಲಿಲ್ಲ. ಇದನ್ನಂತೂ ಅವನನ್ನು ಬಲ್ಲ ಯಾರೂ ನಂಬುವುದಿಲ್ಲ.

ಅಜ್ಜ ಗೋಡೆಯ ಮೇಲೆ ಅಂಗೈ ಆಡಿಸಿದರು. "ಇವತ್ತ ಕೇಳಂಗಿಲ್ಲೇನೋ?"

"ಏನ್ರಿ?"

"ದಿನಾ ಕೇಳಾಂವ ಇದ್ದೆಲ್ಲ."



ಅಜ್ಜ ಹೊರಗೆ ಹೋದರು. ಕಟ್ಟೆಯ ಮೇಲಿದ್ದ ಅವನ ಚಾಪೆಯನ್ನು ತಾವೇ ಸುತ್ತಿ ತಂದು, ಗೋಡೆಯ ಬದಿಗೆ ಹಾಸಿದರು.

"ಗ್ವಾಡಿ ಆ ಕಡಿ ನಾ ಇರತೀನಿ. ಈ ಕಡಿ ಖೋಲಿ ನಿಂದು."